ಔಷಧದ ಹೆಸರಿನೊಳಗೆ ಅಡಗಿದ ಗಿಡ

ನಮ್ಮ ಮನೆಗಳ ಕಪಾಟಿನಲ್ಲೂ ಪಂಪ್‌ಶೆಡ್ಡಿನ ಮೂಲೆಯಲ್ಲೂ ಇರುವ ಬಾಟಲಿ, ಡಬ್ಬಿಗಳ ಮೇಲಿನ ಸಣ್ಣ ಅಕ್ಷರಗಳನ್ನು ಒಮ್ಮೆ ಓದಿ ನೋಡಿ. ಹೂವು ಉದುರದಂತೆ ಹೊಡೆಯುವ ಔಷಧದ ಮೇಲೆ 'ಹೋಮೋಬ್ರಾಸಿನೋಲೈಡ್'. ಅಡುಗೆ ಎಣ್ಣೆಯ ಪ್ಯಾಕೆಟಿನ ಮೇಲೆ 'ಫೈಟೋಸ್ಟೆರಾಲ್'. ಸೊಂಟನೋವಿಗೆ ಯಾರೋ ತಂದುಕೊಟ್ಟ ಕ್ಯಾಪ್ಸೂಲಿನ ಮೇಲೆ 'ವಿಥನೋಲೈಡ್', ಮೆಂತ್ಯದ ಮಾತ್ರೆಯ ಮೇಲೆ 'ಡಯಾಸ್ಜೆನಿನ್'. ಓದುವಾಗಲೇ ನಾಲಿಗೆ ತೊಡರುತ್ತದೆ. ಅರ್ಥವಾಗದ ಹೆಸರಿಗೆ ನಾವು ಎರಡು ಬಗೆಯಲ್ಲಿ ಮೋಸ ಹೋಗುತ್ತೇವೆ. ಒಂದೋ ದೊಡ್ಡ ಹೆಸರು, ದೊಡ್ಡ ಗುಣ ಎಂದು ಹೆಚ್ಚು ಹಣ ಕೊಡುತ್ತೇವೆ. ಇಲ್ಲವೇ 'ಸ್ಟೆರಾಯ್ಡ್' ಎಂಬ ಶಬ್ದ ಕಿವಿಗೆ ಬಿದ್ದೊಡನೆ ಹೆದರಿ ಒಳ್ಳೆಯದನ್ನೂ ಬಿಟ್ಟುಬಿಡುತ್ತೇವೆ. ಆದುದರಿಂದ ಈ ಬಾರಿ ಈ ಹೆಸರುಗಳನ್ನೇ ಸ್ವಲ್ಪ ಬಿಡಿಸಿ ನೋಡೋಣ.

ಮೊದಲು ಸ್ಟೆರಾಯ್ಡ್ ಎಂದರೇನು? ಜೇನುಗೂಡಿನ ಎರಿಯನ್ನು ನೆನಪಿಸಿಕೊಳ್ಳಿ. ಆರು ಬದಿಯ ಮೂರು ಕಣ್ಣುಗಳು ಒಂದಕ್ಕೊಂದು ಅಂಟಿಕೊಂಡು, ಅವುಗಳ ಕೊನೆಗೆ ಐದು ಬದಿಯ ಇನ್ನೊಂದು ಕಣ್ಣು ಸೇರಿಕೊಂಡರೆ ಹೇಗೋ, ಇಂಗಾಲದ ಹದಿನೇಳು ಅಣುಗಳು ಹಾಗೆ ಹೆಣೆದುಕೊಂಡಿರುವುದೇ ಸ್ಟೆರಾಯ್ಡಿನ ಚೌಕಟ್ಟು. ಈ ಚೌಕಟ್ಟು ಇರುವುದೆಲ್ಲವೂ ಸ್ಟೆರಾಯ್ಡ್. ನಮ್ಮ ರಕ್ತದ ಕೊಲೆಸ್ಟ್ರಾಲ್ ಒಂದು ಸ್ಟೆರಾಯ್ಡ್. ಗಂಡು ಹೆಣ್ಣಿನ ಹಾರ್ಮೋನುಗಳು ಸ್ಟೆರಾಯ್ಡ್. ಉಬ್ಬಸಕ್ಕೆ ಕೊಡುವ ಪ್ರೆಡ್ನಿಸೊಲೋನ್ ಸ್ಟೆರಾಯ್ಡ್. ನೆಲಗಡಲೆ ಎಣ್ಣೆಯಲ್ಲಿರುವ ಸಿಟೋಸ್ಟೆರಾಲ್ ಕೂಡ ಸ್ಟೆರಾಯ್ಡೇ. ಚೌಕಟ್ಟು ಒಂದೇ ಆದರೂ ಅದರ ಮೂಲೆಗಳಿಗೆ ಏನನ್ನು ಸಿಕ್ಕಿಸಿದೆ ಎಂಬುದರ ಮೇಲೆ ಗುಣ ಪೂರ್ತಿ ಬದಲಾಗುತ್ತದೆ. ಒಂದೇ ಮರದ ಹಲಗೆಯಿಂದ ತೊಟ್ಟಿಲನ್ನೂ ಮಾಡಬಹುದು, ಶವಪೆಟ್ಟಿಗೆಯನ್ನೂ ಮಾಡಬಹುದಲ್ಲವೇ?

ಈ ಹೆಸರುಗಳು ಹೆಚ್ಚುಕಡಿಮೆ ನಮ್ಮ ಊರಿನ ಹೆಸರುಗಳಂತೆಯೇ ಇವೆ. ಮುಂದೆ ಸ್ವಂತ ಹೆಸರು, ಹಿಂದೆ ಡಿಸೋಜ, ಲೋಬೋ ಎಂಬಂತೆ ಕುಟುಂಬದ ಹೆಸರು. ಮುಂದಿನ ಭಾಗ ಸಾಮಾನ್ಯವಾಗಿ ಯಾವ ಗಿಡದಲ್ಲಿ ಮೊದಲು ಸಿಕ್ಕಿತು ಎಂದು ಹೇಳುತ್ತದೆ. ಹಿಂದಿನ ಬಾಲ ಯಾವ ಜಾತಿಯ ವಸ್ತು ಎಂದು ಹೇಳುತ್ತದೆ. 'ಓಲ್' ಎಂದು ಮುಗಿದರೆ ಮದ್ಯಸಾರದ ಗುಂಪಿನ ಒಂದು ಕೊಂಡಿ ಅದರಲ್ಲಿದೆ. 'ಓನ್' ಎಂದಿದ್ದರೆ ಕೀಟೋನ್ ಎಂಬ ಕೊಂಡಿ. 'ಓಲೈಡ್' ಎಂದರೆ ಲ್ಯಾಕ್ಟೋನ್ ಎಂಬ ಉಂಗುರ. ಸ್ಟೆರಾಯ್ಡುಗಳಲ್ಲಿ 'ಜೆನಿನ್' ಎಂದು ಮುಗಿದರೆ ಸಕ್ಕರೆಯ ಭಾಗವನ್ನು ಕಳಚಿದ ಮೇಲೆ ಉಳಿಯುವ ತಿರುಳು. ಇಷ್ಟು ತಿಳಿದರೆ ಅರ್ಧ ಕೆಲಸ ಮುಗಿದಂತೆ.

ಕೊಲೆಸ್ಟ್ರಾಲ್‌ನಿಂದಲೇ ಆರಂಭಿಸೋಣ. ಗ್ರೀಕ್ ಭಾಷೆಯಲ್ಲಿ 'ಖೊಲೆ' ಎಂದರೆ ಪಿತ್ತ, 'ಸ್ಟೆರಿಯೊಸ್' ಎಂದರೆ ಗಟ್ಟಿ. ಪಿತ್ತಕೋಶದ ಕಲ್ಲುಗಳಲ್ಲಿ ಸಿಕ್ಕಿದ ಗಟ್ಟಿ ವಸ್ತು ಇದಾದುದರಿಂದ ಆ ಹೆಸರು. ಅದೇ 'ಸ್ಟೆರಾಲ್' ಬಾಲವನ್ನು ಮುಂದೆ ಗಿಡಗಳಲ್ಲಿ ಸಿಕ್ಕಿದ ಅದರ ಬಂಧುಗಳಿಗೂ ಹಚ್ಚಿದರು. 'ಸಿಟೋಸ್' ಎಂದರೆ ಧಾನ್ಯ. ಧಾನ್ಯದಲ್ಲಿ ಸಿಕ್ಕಿದ್ದು ಸಿಟೋಸ್ಟೆರಾಲ್. ಸಾಸಿವೆಯ ಬಂಧುವಾದ ಬ್ರಾಸಿಕಾ ಕಂಪೆಸ್ಟ್ರಿಸ್‌ನ ಎಣ್ಣೆಯಲ್ಲಿ ಸಿಕ್ಕಿದ್ದು ಕಂಪೆಸ್ಟೆರಾಲ್. ಆಫ್ರಿಕದ ಕಲಬಾರ್ ಎಂಬಲ್ಲಿನ ಫೈಸೋಸ್ಟಿಗ್ಮಾ ಎಂಬ ವಿಷದ ಅವರೆಯಲ್ಲಿ 1906ರಲ್ಲಿ ಸಿಕ್ಕಿದ್ದು ಸ್ಟಿಗ್ಮಾಸ್ಟೆರಾಲ್. ಈಗ ಅದನ್ನು ತೆಗೆಯುವುದು ಸೋಯಾ ಎಣ್ಣೆಯಿಂದ. ಆಫ್ರಿಕದ ಅವರೆಯನ್ನು ಯಾರೂ ಕೇಳುವುದಿಲ್ಲ. ಹೆಸರು ತವರುಮನೆಯನ್ನು ಹೇಳುತ್ತದೆ, ಈಗಿರುವ ಮನೆಯನ್ನಲ್ಲ. ಈ ಒಂದು ಮಾತನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

ಇಲ್ಲಿ ತೆಂಗು ಬೆಳೆಯುವ ನಮಗೆ ಸಂಬಂಧಪಟ್ಟ ವಿಷಯವೊಂದಿದೆ. ಕೊಲೆಸ್ಟ್ರಾಲ್ ಮುಖ್ಯವಾಗಿ ಪ್ರಾಣಿಗಳ ವಸ್ತು. ಗಿಡಗಳಲ್ಲಿ ಅದರ ಸ್ಥಾನದಲ್ಲಿ ಸಿಟೋಸ್ಟೆರಾಲ್ ಮೊದಲಾದವು ಇರುತ್ತವೆ. ಇವುಗಳಿಗೆ ಒಟ್ಟಾಗಿ ಫೈಟೋಸ್ಟೆರಾಲ್, ಅಂದರೆ ಸಸ್ಯದ ಸ್ಟೆರಾಲ್ ಎಂದು ಹೆಸರು. ಆದುದರಿಂದ 'ಕೊಲೆಸ್ಟ್ರಾಲ್ ಇಲ್ಲದ ಎಣ್ಣೆ' ಎಂದು ಪ್ಯಾಕೆಟಿನ ಮೇಲೆ ದೊಡ್ಡ ಅಕ್ಷರಗಳಲ್ಲಿ ಬರೆಯುವುದು 'ಮುಳ್ಳಿಲ್ಲದ ಬಾಳೆಹಣ್ಣು' ಎಂದು ಬರೆದಂತೆ. ಯಾವ ಸಸ್ಯದ ಎಣ್ಣೆಯಲ್ಲೂ ಅದು ಹೇಳಿಕೊಳ್ಳುವಷ್ಟು ಇರುವುದಿಲ್ಲ, ತೆಂಗಿನೆಣ್ಣೆಯಲ್ಲೂ ಇಲ್ಲ. ಹಾಗೆಂದು ನಮ್ಮ ತೆಂಗಿನೆಣ್ಣೆಯನ್ನು ಬೇಕಾದಷ್ಟು ಸುರಿಯಬಹುದೇ? ಇಲ್ಲ. ಅದರಲ್ಲಿರುವ ಗಟ್ಟಿ ಜಾತಿಯ ಕೊಬ್ಬು ನಮ್ಮ ಪಿತ್ತಜನಕಾಂಗವನ್ನು ಹಾದು ರಕ್ತದ ಕೊಲೆಸ್ಟ್ರಾಲ್ ಹೆಚ್ಚಿಸುತ್ತದೆ. ನಮ್ಮ ತೋಟದ ಬೆಳೆ ಎಂಬ ಅಭಿಮಾನ ಬೇರೆ, ಹೃದಯದ ಲೆಕ್ಕ ಬೇರೆ. ಅತ್ತ ಫೈಟೋಸ್ಟೆರಾಲ್‌ಗೆ ನಿಜವಾದ ಗುಣವೊಂದಿದೆ: ಕರುಳಿನಲ್ಲಿ ಅದು ಕೊಲೆಸ್ಟ್ರಾಲ್‌ನ ಜಾಗವನ್ನು ಹಿಡಿದು ಅದನ್ನು ಒಳಕ್ಕೆ ಬಿಡುವುದಿಲ್ಲ. ದಿನಕ್ಕೆ ಸುಮಾರು 2 ಗ್ರಾಂ ಸೇವಿಸಿದರೆ ಕೆಟ್ಟ ಕೊಲೆಸ್ಟ್ರಾಲ್ ನೂರಕ್ಕೆ ಎಂಟು ಹತ್ತರಷ್ಟು ಇಳಿಯುತ್ತದೆ. ಆದರೆ ದಿನದ ಸಾಮಾನ್ಯ ಊಟದಲ್ಲಿ ಸಿಗುವುದು ಅರ್ಧ ಗ್ರಾಮಿಗೂ ಕಡಿಮೆ. ಪ್ಯಾಕೆಟಿನ ಮೇಲೆ ಹೆಸರಿದ್ದರೆ ಸಾಲದು, ಎಷ್ಟಿದೆ ಎಂದು ನೋಡಬೇಕು.

ಗೆಣಸಿನ ಬಳ್ಳಿಯ ದೊಡ್ಡ ಕಥೆ

ಇನ್ನು ಡಯಾಸ್ಜೆನಿನ್. ಗ್ರೀಕ್ ವೈದ್ಯ ಡಯಾಸ್ಕೊರಿಡೀಸ್ ಯೇಸುಸ್ವಾಮಿಯ ಕಾಲದ ನಂತರದ ಮೊದಲ ಶತಮಾನದಲ್ಲಿ ಗಿಡಮೂಲಿಕೆಗಳ ಬಗ್ಗೆ ಬರೆದವನು. ಅವನ ನೆನಪಿಗೆ ಬಳ್ಳಿಗೆಣಸಿನ ಕುಲಕ್ಕೆ ಡಯಾಸ್ಕೋರಿಯಾ ಎಂದು ಹೆಸರಿಟ್ಟರು. ನೆಲದಲ್ಲಿ ಹಬ್ಬುವ ಸಿಹಿಗೆಣಸಲ್ಲ. ನಾವು ಮರಕ್ಕೆ ಹಬ್ಬಿಸುವ, ಮಲಯಾಳದಲ್ಲಿ ಕಾಚಿಲ್ ಎನ್ನುವ ಗೆಣಸಿನ ಕುಲ. ಈ ಕುಲದ ಒಂದು ಕಾಡುಬಳ್ಳಿಯಿಂದ 1936ರಲ್ಲಿ ಜಪಾನಿನವರು ಬೇರ್ಪಡಿಸಿದ ತಿರುಳೇ ಡಯಾಸ್ಜೆನಿನ್. ಗಿಡದೊಳಗೆ ಅದು ಸಕ್ಕರೆಯೊಂದಿಗೆ ಸೇರಿ ಸಪೋನಿನ್ ಆಗಿರುತ್ತದೆ. ಲ್ಯಾಟಿನ್ನಿನ 'ಸಾಪೊ' ಎಂದರೆ ಸಾಬೂನು, ನೀರಲ್ಲಿ ಕಲಕಿದರೆ ನೊರೆ ಬರುತ್ತದೆ. (ಅಂಟುವಾಳದ ಕಾಯಿಯ ನೊರೆಯೂ ಸಪೋನಿನ್ನಿನದೇ, ಆದರೆ ಅದರ ತಿರುಳು ಸ್ಟೆರಾಯ್ಡ್ ಅಲ್ಲ, ಬೇರೆ ಕುಟುಂಬ.)

ಆ ಕಾಲದಲ್ಲಿ ಪ್ರೊಜೆಸ್ಟೆರೋನ್ ಎಂಬ ಹಾರ್ಮೋನನ್ನು ಪ್ರಾಣಿಗಳ ಅಂಗಗಳಿಂದ ಕಿಂಚಿತ್ ಕಿಂಚಿತ್ ತೆಗೆಯುತ್ತಿದ್ದರು. ಗ್ರಾಮಿಗೆ 80 ಡಾಲರ್ ಬೆಲೆ. ಅಮೇರಿಕದ ರಸಾಯನಶಾಸ್ತ್ರಜ್ಞ ರಸೆಲ್ ಮಾರ್ಕರ್ ಇದನ್ನು ಗಿಡದ ತಿರುಳಿನಿಂದ ಮಾಡಬಹುದೆಂದು ಲೆಕ್ಕ ಹಾಕಿ, ಸೂಕ್ತ ಗಿಡವನ್ನು ಹುಡುಕುತ್ತ 1942ರಲ್ಲಿ ಮೆಕ್ಸಿಕೋದ ವೆರಾಕ್ರೂಸ್ ಕಡೆಗೆ ಹೋದ. ಅಲ್ಲಿಯವರು 'ಕಬೇಸಾ ದೆ ನೇಗ್ರೋ' ಎಂದು ಕರೆಯುತ್ತಿದ್ದ ದೊಡ್ಡ ಕಾಡುಗೆಡ್ಡೆ ಅವನ ಕೈಗೆ ಸಿಕ್ಕಿತು. ದೊಡ್ಡ ಕಂಪೆನಿಗಳು ಹಣ ಹಾಕಲು ಒಪ್ಪದಿದ್ದಾಗ ತಾನೇ ಮೆಕ್ಸಿಕೋ ನಗರದಲ್ಲಿ ಕುಳಿತು ಸುಮಾರು 3 ಕಿಲೋ ಪ್ರೊಜೆಸ್ಟೆರೋನ್ ತಯಾರಿಸಿದ. 1944ರಲ್ಲಿ ಸಿಂಟೆಕ್ಸ್ ಎಂಬ ಕಂಪೆನಿ ಹುಟ್ಟಿತು. ಮರುವರ್ಷವೇ ಮಾರ್ಕರ್ ಅದನ್ನು ಬಿಟ್ಟ. ಮುಂದೆ 'ಬರ್ಬಾಸ್ಕೋ' ಎಂಬ ಇನ್ನೊಂದು ಕಾಡುಗೆಣಸು ಅದಕ್ಕಿಂತಲೂ ಹೆಚ್ಚು ತಿರುಳು ಕೊಡುತ್ತದೆಂದು ಕಂಡುಬಂದು, ಮೆಕ್ಸಿಕೋದ ಬಡ ರೈತರು ವರ್ಷಗಟ್ಟಲೆ ಕಾಡಿನಲ್ಲಿ ಅದನ್ನು ಅಗೆದು ಮಾರಿದರು.

1948ರಲ್ಲಿ ಅಮೇರಿಕದ ಮೇಯೋ ಕ್ಲಿನಿಕ್ಕಿನಲ್ಲಿ ಸಂಧಿವಾತದಿಂದ ಮಲಗಿದ್ದ ರೋಗಿಗೆ ಕಾರ್ಟಿಸೋನ್ ಚುಚ್ಚಿದಾಗ ಅವರು ಎದ್ದು ನಡೆದಾಡಿದ ಸುದ್ದಿ ಲೋಕಕ್ಕೆಲ್ಲ ಹಬ್ಬಿತು. ಅದನ್ನು ಅಗ್ಗವಾಗಿ ಮಾಡುವ ದಾರಿಯೂ ಈ ಗೆಣಸಿನಿಂದಲೇ ಸಿಕ್ಕಿತು. 1952ರಲ್ಲಿ ಇನ್ನೊಂದು ಸ್ವಾರಸ್ಯ: ಹಳಸಿದ ರೊಟ್ಟಿಯ ಮೇಲೆ ಬರುವ ಕಪ್ಪು ಬೂಷ್ಟಿನ ಜಾತಿಯ ರೈಜೋಪಸ್ ಎಂಬುದು, ರಸಾಯನಶಾಸ್ತ್ರಜ್ಞರಿಗೆ ಬಹಳ ಕಷ್ಟವಾಗಿದ್ದ ಒಂದು ಬದಲಾವಣೆಯನ್ನು ಒಂದೇ ಹೆಜ್ಜೆಯಲ್ಲಿ ಮಾಡಿ ಕೊಡುತ್ತದೆಂದು ತಿಳಿಯಿತು. ಸಂತಾನ ನಿಯಂತ್ರಣದ ಮಾತ್ರೆಗೂ ಕಚ್ಚಾವಸ್ತು ಇದೇ ಬೇರಿನಿಂದ ಹೋಯಿತು. ಆ ಮಾತ್ರೆಯ ಬಗ್ಗೆ ಧರ್ಮಸಭೆಯ ನಿಲುವು ಓದುಗರಿಗೆ ತಿಳಿದದ್ದೇ. ಇಲ್ಲಿ ನಾವು ಬೇರಿನ ದಾರಿಯನ್ನಷ್ಟೇ ಹಿಡಿದಿದ್ದೇವೆ.

ಈ ದಾರಿಯ ಕೊನೆ ರೈತರು ತಿಳಿಯತಕ್ಕದ್ದು. ಕಾಡಿನ ಬೇರು ಕಡಿಮೆಯಾಗುತ್ತ ಬಂತು. 1975ರಲ್ಲಿ ಮೆಕ್ಸಿಕೋ ಸರಕಾರ ಬರ್ಬಾಸ್ಕೋ ವ್ಯಾಪಾರಕ್ಕೆ ತನ್ನದೇ ಸಂಸ್ಥೆ ಕಟ್ಟಿ ಬೆಲೆ ಏರಿಸಿತು. ಅಷ್ಟರಲ್ಲಿ ಕಂಪೆನಿಗಳು ಸೋಯಾ ಎಣ್ಣೆಯ ಸಿಟೋಸ್ಟೆರಾಲ್, ಸ್ಟಿಗ್ಮಾಸ್ಟೆರಾಲ್‌ಗಳನ್ನು ಸೂಕ್ಷ್ಮಜೀವಿಗಳಿಂದ ಬದಲಾಯಿಸುವ ವಿದ್ಯೆ ಕಲಿತು ಅತ್ತ ತಿರುಗಿದವು. ನಮ್ಮ ದೇಶದಲ್ಲೂ ಹೀಗೆಯೇ. ಹಿಮಾಲಯದ ಡಯಾಸ್ಕೋರಿಯಾ ಡೆಲ್ಟಾಯಿಡಿಯಾವನ್ನು ಎಷ್ಟು ಅಗೆದರೆಂದರೆ, ಅದು ಅಂತಾರಾಷ್ಟ್ರೀಯ ವ್ಯಾಪಾರಕ್ಕೆ ನಿರ್ಬಂಧವಿರುವ ಗಿಡಗಳ ಪಟ್ಟಿಗೆ ಸೇರಿತು. ಬೆಂಗಳೂರಿನ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ಮಧ್ಯ ಅಮೇರಿಕದ ಡಯಾಸ್ಕೋರಿಯಾ ಫ್ಲೋರಿಬಂಡಾದಿಂದ 'ಅರ್ಕಾ ಉಪಕಾರ್' ಎಂಬ ತಳಿಯನ್ನೇ ಬಿಡುಗಡೆ ಮಾಡಿತು. ಮಹಾರಾಷ್ಟ್ರದಲ್ಲಿ ಸೊಲಾನಮ್ ವಿಯಾರಮ್ ಎಂಬ ಮುಳ್ಳುಬದನೆಯನ್ನು ಸೊಲಸೋಡಿನ್‌ಗಾಗಿ ಹೊಲಗಳಲ್ಲಿ ಬೆಳೆದರು. ಮಾರುಕಟ್ಟೆ ಬೇರೆ ಕಚ್ಚಾವಸ್ತುವಿಗೆ ತಿರುಗಿದಾಗ ಈ ಬೆಳೆಗಳು ಹಿಂದೆ ಬಿದ್ದವು. ಇಂದೂ ಯಾರಾದರೂ ಬಂದು ಇಂತಹ ಗಿಡ ನೆಡಿ, ಎಲ್ಲವನ್ನೂ ನಾವೇ ಕೊಳ್ಳುತ್ತೇವೆ ಎಂದರೆ, ಅದೇ ವಸ್ತು ಇನ್ನೆಷ್ಟು ಗಿಡಗಳಲ್ಲಿ ಸಿಗುತ್ತದೆಂದು ಮೊದಲು ಕೇಳಿ. ನಾವು ಹಿಂದೆ ಹೇಳಿದ ತವರುಮನೆಯ ಮಾತು ಇದಕ್ಕೇ. ಬೆಲೆ, ತೂಕ, ಕೊಳ್ಳುವ ದಿನ ಎಲ್ಲವೂ ಕಾಗದದ ಮೇಲೆ ಬಂದ ಮೇಲೆ ಹಾರೆ ಎತ್ತಿದರೆ ಸಾಕು.

ಅಂದ ಹಾಗೆ, ಸೊಲಸೋಡಿನ್ ಎಂಬ ಹೆಸರಿನಲ್ಲಿ ಬೈಬಲಿನ ಊರೊಂದು ಅಡಗಿದೆ. ಸೊಲಾನಮ್ ಸೊಡೋಮಿಯಮ್, ಅಂದರೆ 'ಸೊದೋಮಿನ ಸೇಬು' ಎನ್ನುವ ಬದನೆ ಜಾತಿಯ ಹೆಸರಿನಿಂದ 'ಸೊಲ' ಮತ್ತು 'ಸೋಡ್' ಎಂಬೆರಡು ತುಂಡುಗಳನ್ನು ತೆಗೆದು ಜೋಡಿಸಿದ್ದಾರೆ. ಆದಿಕಾಂಡದ ಸೊದೋಮ್ ಪಟ್ಟಣವೇ ಅದು.

ನಮ್ಮ ಬೇಲಿಯ, ನಮ್ಮ ಹಿತ್ತಿಲಿನ ಹೆಸರುಗಳು

ಬೇಲಿಯ ಕತ್ತಾಳೆಯಲ್ಲೂ ಇಂತಹುದೊಂದಿದೆ, ಹೆಕೋಜೆನಿನ್. ಹೆಸರು ಬಂದದ್ದು ಹೆಕ್ಟಿಯಾ ಎಂಬ ಅಮೇರಿಕದ ಗಿಡದಿಂದ, ಕಾರ್ಖಾನೆಗೆ ಹೋದದ್ದು ಪೂರ್ವ ಆಫ್ರಿಕದಲ್ಲಿ ನಾರಿಗಾಗಿ ಬೆಳೆದ ಕತ್ತಾಳೆಯ ರಸದಿಂದ. ಸೊಗದೆ ಬೇರಿನ ವಿಷಯ ಇನ್ನೂ ಗೊಂದಲದ್ದು. ನಾವು ಬೇಸಿಗೆಯಲ್ಲಿ ಶರಬತ್ತು ಮಾಡುವ ಈ ನನ್ನಾರಿಯನ್ನು ವ್ಯಾಪಾರದಲ್ಲಿ 'ಇಂಡಿಯನ್ ಸಾರ್ಸಪರಿಲ್ಲಾ' ಎನ್ನುತ್ತಾರೆ. ನಿಜವಾದ ಸಾರ್ಸಪರಿಲ್ಲಾ ಅಮೇರಿಕದ ಮುಳ್ಳುಬಳ್ಳಿ, ಅದರ ಹೆಸರಿನಿಂದ ಬಂದದ್ದು ಸಾರ್ಸಸಪೋಜೆನಿನ್ ಎಂಬ ಸ್ಟೆರಾಯ್ಡ್. ಎರಡಕ್ಕೂ ನೆಂಟಸ್ತಿಕೆಯೇ ಇಲ್ಲ. ಸೊಗದೆ ಬೇರಿನ ಪರಿಮಳ ವೆನಿಲ್ಲಾದ ಪರಿಮಳಕ್ಕೆ ಹತ್ತಿರದ ವಸ್ತುವಿನದು. ಶರಬತ್ತು ಕುಡಿದು ತಂಪಾಗಿ, ಅಷ್ಟು ಸಾಕು. ಡಬ್ಬಿಯ ಮೇಲೆ ಸಾರ್ಸಪರಿಲ್ಲಾದ ಸ್ಟೆರಾಯ್ಡ್ ಶಕ್ತಿ ಎಂದು ಬರೆದಿದ್ದರೆ ನಂಬಬೇಡಿ.

ಕೊಡಸಿಗದ ಮರವನ್ನು ಹಳಬರೆಲ್ಲ ಬಲ್ಲರು. ರಕ್ತಭೇದಿಗೆ ಅದರ ತೊಗಟೆಯ ಕಷಾಯ ಕೊಡುವುದು ರೂಢಿ. ವೈದ್ಯರ ಕುಟಜಾರಿಷ್ಟವೂ ಇದರಿಂದಲೇ. ಮಲಯಾಳದಲ್ಲಿ ಇದು ಕುಟಕಪ್ಪಾಲ. 1678ರಿಂದ 1693ರ ತನಕ ಆಮ್‌ಸ್ಟರ್‌ಡ್ಯಾಮಿನಲ್ಲಿ ಹನ್ನೆರಡು ಸಂಪುಟಗಳಲ್ಲಿ ಅಚ್ಚಾದ 'ಹೋರ್ತುಸ್ ಮಲಬಾರಿಕುಸ್' ಗ್ರಂಥದಲ್ಲಿ ಈ ಹೆಸರಿನೊಂದಿಗೆ ಇದರ ಚಿತ್ರವಿದೆ. ಕೊಚ್ಚಿಯ ಡಚ್ ಅಧಿಕಾರಿ ವಾನ್ ರೀಡೆ ಮಾಡಿಸಿದ ಆ ಗ್ರಂಥಕ್ಕೆ ಗಿಡಗಳ ಜ್ಞಾನವನ್ನು ಕೊಟ್ಟವರು ಇಟ್ಟಿ ಅಚ್ಯುತನ್ ವೈದ್ಯರು ಮತ್ತು ರಂಗ ಭಟ್, ವಿನಾಯಕ ಪಂಡಿತ, ಅಪ್ಪು ಭಟ್ ಎಂಬ ಮೂವರು ಕೊಂಕಣಿ ವೈದ್ಯರು. ಆರಂಭದಲ್ಲಿ ನೆರವಾದವರಲ್ಲಿ ಸಂತ ಜೋಸೆಫರ ಮ್ಯಾಥ್ಯೂ ಎಂಬ ಕಾರ್ಮೆಲ್ ಸಭೆಯ ಇಟಾಲಿಯನ್ ಗುರುಗಳೂ ಇದ್ದರು. ಯುರೋಪಿನ ಔಷಧದಂಗಡಿಗಳಲ್ಲಿ ಈ ತೊಗಟೆಗೆ 'ಕೊನೆಸ್ಸಿ' ಎಂಬ ವ್ಯಾಪಾರದ ಹೆಸರಿತ್ತು. 1858ರಲ್ಲಿ ಅದರಿಂದ ಬೇರ್ಪಡಿಸಿದ ಕಹಿವಸ್ತು ಕೊನೆಸ್ಸಿನ್. ಇದು ಸಾರಜನಕವೂ ಸೇರಿದ ಸ್ಟೆರಾಯ್ಡ್. ಅಮೀಬದ ಭೇದಿಗೆ ಶುದ್ಧ ಕೊನೆಸ್ಸಿನ್ ಕೊಟ್ಟು ನೋಡಿದರು. ನರಗಳ ಮೇಲೆ ದುಷ್ಪರಿಣಾಮ ಕಂಡುದರಿಂದ ಹಿಂದೆ ಸರಿದರು. ಇಂದು ಭೇದಿಗೆ, ಮುಖ್ಯವಾಗಿ ಮಕ್ಕಳ ಭೇದಿಗೆ, ಮೊದಲ ಮದ್ದು ಓ.ಆರ್.ಎಸ್. ನೀರು. ರಕ್ತ ಬಿದ್ದರೆ ಡಾಕ್ಟರಲ್ಲಿಗೆ ಹೋಗಲೇಬೇಕು.

ಗುಗ್ಗುಳ ಎಂಬ ನಮ್ಮದೇ ಹೆಸರನ್ನು ಹೊತ್ತದ್ದು ಗುಗ್ಗುಲ್‌ಸ್ಟೆರೋನ್. ಲಕ್ನೋದ ಕೇಂದ್ರೀಯ ಔಷಧ ಸಂಶೋಧನಾ ಸಂಸ್ಥೆಯ ಕೆಲಸದಿಂದ ಕೊಲೆಸ್ಟ್ರಾಲ್ ಇಳಿಸುವ ಔಷಧವಾಗಿ ಇದು ಪೇಟೆಗೆ ಬಂತು. 2003ರಲ್ಲಿ ಅಮೇರಿಕದಲ್ಲಿ ಪರೀಕ್ಷಿಸಿದಾಗ ಕೆಟ್ಟ ಕೊಲೆಸ್ಟ್ರಾಲ್ ಇಳಿಯುವ ಬದಲು ತುಸು ಏರಿತು. ಹೆಸರು ದೇಶದ್ದೆಂದು ಅಭಿಮಾನಪಟ್ಟು ಫಲವಿಲ್ಲ.

ಸಿಂಪರಣೆಯ ಬಾಟಲಿಗೆ ಬರೋಣ. 1970ರಲ್ಲಿ ಅಮೇರಿಕದ ಕೃಷಿ ಇಲಾಖೆಯ ವಿಜ್ಞಾನಿಗಳು ಸಾಸಿವೆಯ ಬಂಧುವಾದ ರೇಪ್ ಎಂಬ ಎಣ್ಣೆಬೆಳೆಯ ಪರಾಗದಲ್ಲಿ ಗಿಡ ಬೆಳೆಸುವ ವಸ್ತು ಇದೆಯೆಂದು ಕಂಡರು. ಬ್ರಾಸಿಕಾದಿಂದ ಬಂದ ಕಾರಣ 'ಬ್ರಾಸಿನ್' ಎಂದರು. 1979ರಲ್ಲಿ ಜೇನ್ನೊಣಗಳು ಸಂಗ್ರಹಿಸಿದ 227 ಕಿಲೋ ಪರಾಗದಿಂದ ಕೆಲವೇ ಮಿಲಿಗ್ರಾಂ ಶುದ್ಧ ವಸ್ತು ಸಿಕ್ಕಿತು, ಅದು ಬ್ರಾಸಿನೋಲೈಡ್. ಇಷ್ಟು ಅಲ್ಪ ಪ್ರಮಾಣದಲ್ಲಿ ಕೆಲಸ ಮಾಡುವ ಸಸ್ಯದ ಹಾರ್ಮೋನು ಎಂಬುದೇ ಅದರ ವಿಶೇಷ. ಅದರ ಬಂಧುಗಳ ಹೆಸರುಗಳಲ್ಲಿ ಪರಿಚಿತರು ಎಷ್ಟೊಂದು! ಚಹಾ ಎಲೆಯಿಂದ ಟೀಸ್ಟೆರೋನ್. ಅಂಗಳದ ನಿತ್ಯಪುಷ್ಪದ ಕುಲನಾಮ ಕ್ಯಾಥರಾಂಥಸ್, ಅದರಿಂದ ಕ್ಯಾಥಾಸ್ಟೆರೋನ್. ಕೆರೆಯ ಜೊಂಡು ಟೈಫಾದಿಂದ ಟೈಫಾಸ್ಟೆರಾಲ್. ನಾವು ಪಲ್ಯ, ಸಾರು ಮಾಡುವ ಅವರೆಗೆ ಡಾಲಿಕೋಸ್ ಎಂಬ ಹೆಸರಿತ್ತಲ್ಲ, ಅದರ ಎಳೆಕಾಳಿನಿಂದ ಡಾಲಿಕೋಲೈಡ್.

ಬಾಟಲಿಯ ಮೇಲಿರುವ 'ಹೋಮೋ' ಎಂದರೆ ಮೂಲವಸ್ತುವಿಗಿಂತ ಇಂಗಾಲದ ಒಂದು ಅಣು ಹೆಚ್ಚಿದೆ ಎಂದಷ್ಟೇ ಅರ್ಥ. ಮುಂದಿನ 28 ಎಂಬ ಅಂಕೆ ಅದು ಸೇರಿದ ಸ್ಥಾನವನ್ನು ಸೂಚಿಸುತ್ತದೆ. ಸೊಲ್ಲಾಪುರ ಕಡೆಯ ದ್ರಾಕ್ಷಿ ಬೆಳೆಗಾರರಿಗೆ ಇದು ಹೊಸದಲ್ಲ. ಬಾಟಲಿಯಲ್ಲಿ ಅದು ಇರುವುದು ಶೇಕಡಾ 0.04ರಷ್ಟು ಮಾತ್ರ. ಕೆಲವರು ಇಷ್ಟು ಕಡಿಮೆಯೇ ಎಂದು ಎರಡು ಪಾಲು ಸುರಿಯುತ್ತಾರೆ. ಇದು ಗೊಬ್ಬರವಲ್ಲ, ಹಾರ್ಮೋನು. ಹೆಚ್ಚಾದರೆ ಬೆಳೆಸುವ ಬದಲು ತಡೆದೀತು. ಮಣ್ಣಿನಲ್ಲಿ ಸಾರವಿಲ್ಲದ ತೋಟಕ್ಕೆ ಇದನ್ನು ಹೊಡೆದು ಫಸಲು ಕಾಯುವುದು, ಹಸಿದ ಎತ್ತಿಗೆ ಚಾಟಿ ಬೀಸಿದಂತೆ. ರೇಷ್ಮೆ ಸಾಕುವವರು ಬಲ್ಲ ಎಕ್ಡಿಸೋನ್ ಕೂಡ ಸ್ಟೆರಾಯ್ಡೇ. ಹುಳು ಪೊರೆ ಕಳಚುವುದಕ್ಕೆ ಗ್ರೀಕಿನಲ್ಲಿ 'ಎಕ್ಡಿಸಿಸ್' ಎನ್ನುತ್ತಾರೆ. 1954ರಲ್ಲಿ 500 ಕಿಲೋ ರೇಷ್ಮೆ ಕೋಶದ ಹುಳುಗಳಿಂದ 25 ಮಿಲಿಗ್ರಾಂ ತೆಗೆದಿದ್ದರು. ಮುಂದೆ ಅದೇ ಜಾತಿಯ ವಸ್ತು ಗಿಡಗಳಲ್ಲೂ ಇದೆಯೆಂದು ತಿಳಿದು, ಹುಳುಗಳೆಲ್ಲ ಒಟ್ಟಿಗೆ ಗೂಡು ಕಟ್ಟುವಂತೆ ಮಾಡಲು ಮೈಸೂರಿನ ಕೇಂದ್ರೀಯ ರೇಷ್ಮೆ ಸಂಶೋಧನಾ ಸಂಸ್ಥೆ 'ಸಂಪೂರ್ಣ' ಎಂಬ ಔಷಧ ಹೊರತಂದಿತು.

ಎಚ್ಚರ ವಹಿಸಬೇಕಾದಲ್ಲಿ

ಮಹಿಳೆಯರ ಹಾರ್ಮೋನಿಗೆ ಕಾಡುಗೆಣಸಿನ ಕ್ರೀಮು ಎಂದು ಮಾರುವವರಿದ್ದಾರೆ. ಡಯಾಸ್ಜೆನಿನ್ ನಮ್ಮ ದೇಹದಲ್ಲಿ ಪ್ರೊಜೆಸ್ಟೆರೋನ್ ಆಗುವುದಿಲ್ಲ. ಆ ಬದಲಾವಣೆ ನಡೆಯುವುದು ಪ್ರಯೋಗಾಲಯದ ಪಾತ್ರೆಯಲ್ಲಿ ಮಾತ್ರ. ಮೆಂತ್ಯದಲ್ಲೂ ಡಯಾಸ್ಜೆನಿನ್ ಇದೆ ಎಂದು ಹೆದರಬೇಕಾಗಿಲ್ಲ. ಅಡುಗೆಗೆ ಧಾರಾಳ ಬಳಸಿ.

ಇದಕ್ಕಿಂತ ಗಂಭೀರವಾದುದು ಇನ್ನೊಂದಿದೆ. ಕೀಲುನೋವು, ಉಬ್ಬಸ, ಚರ್ಮರೋಗಕ್ಕೆ 'ಶುದ್ಧ ಗಿಡಮೂಲಿಕೆ, ಸ್ಟೆರಾಯ್ಡ್ ಇಲ್ಲ' ಎಂದು ಚೀಟಿಯಿಲ್ಲದ ಪುಡಿ, ಗುಳಿಗೆ ಕೊಡುವವರಲ್ಲಿ ಕೆಲವರು ಅದರೊಳಗೆ ಡೆಕ್ಸಾಮೆಥಾಸೋನ್, ಪ್ರೆಡ್ನಿಸೊಲೋನ್ ಬೆರೆಸುವುದು ಪರೀಕ್ಷೆಗಳಲ್ಲಿ ಮತ್ತೆ ಮತ್ತೆ ಸಿಕ್ಕಿಬಿದ್ದಿದೆ. ಎರಡೇ ದಿನದಲ್ಲಿ ಹತ್ತು ವರ್ಷದ ನೋವು ಮಾಯವಾದರೆ ಸಂತೋಷದ ಜೊತೆಗೆ ಸಂಶಯವೂ ಇರಲಿ. ವಿಪರೀತ ಹಸಿವು, ಮುಖ ದುಂಡಗೆ ಊದಿಕೊಳ್ಳುವುದು, ಸಕ್ಕರೆ ಮತ್ತು ರಕ್ತದೊತ್ತಡ ಏರುವುದು, ಚರ್ಮ ತೆಳುವಾಗಿ ಸುಮ್ಮನೆ ಕಂದುವುದು ಇದರ ಲಕ್ಷಣಗಳು. ಹಾಗೆ ಕಂಡರೆ ಗಾಬರಿಯಿಂದ ಪುಡಿಯನ್ನು ಒಮ್ಮೆಲೇ ನಿಲ್ಲಿಸಬೇಡಿ. ತಿಂಗಳುಗಟ್ಟಲೆ ಹೊರಗಿನ ಸ್ಟೆರಾಯ್ಡ್ ಸಿಕ್ಕಿದ ದೇಹ ತನ್ನದನ್ನು ತಯಾರಿಸುವುದನ್ನು ನಿಲ್ಲಿಸಿರುತ್ತದೆ. ಥಟ್ಟನೆ ಬಿಟ್ಟರೆ ಪ್ರಾಣಾಪಾಯವಾಗಬಹುದು. ಪುಡಿಯ ಪೊಟ್ಟಣದೊಂದಿಗೆ ಅದೇ ದಿನ ಡಾಕ್ಟರಲ್ಲಿಗೆ ಹೋಗಿ ತೋರಿಸಿ, ಅವರು ಹಂತಹಂತವಾಗಿ ಇಳಿಸುತ್ತಾರೆ.

ಕೊನೆಯದಾಗಿ ಕಣಗಿಲೆ. ಬೇಲಿಯಲ್ಲಿ ನೆಡುವ ಹಳದಿ ಕಣಗಿಲೆಯ ಹೆಸರು ಥೆವೇಶಿಯಾ. 16ನೇ ಶತಮಾನದಲ್ಲಿ ಬ್ರೆಜಿಲಿಗೆ ಹೋಗಿಬಂದು ಬರೆದ ಫ್ರಾನ್ಸಿಸ್ಕನ್ ಸನ್ಯಾಸಿ ಆಂದ್ರೆ ಥೆವೆಯ ನೆನಪು ಅದು. ಅದರ ವಿಷ ಥೆವೆಟಿನ್. ಕೆಂಪು, ಬಿಳಿ ಕಣಗಿಲೆಯದು ಒಲಿಯಾಂಡ್ರಿನ್. ಯುರೋಪಿನ ಬೆರಳುಹೂವಿನ ಗಿಡ ಡಿಜಿಟಾಲಿಸ್‌ನಿಂದ (ಲ್ಯಾಟಿನ್ನಿನ 'ಡಿಜಿಟಸ್' ಎಂದರೆ ಬೆರಳು) ಬರುವ ಡಿಗಾಕ್ಸಿನ್ ಎಂಬ ಹೃದಯದ ಮಾತ್ರೆಯೂ ಇವೂ ಒಂದೇ ಕುಟುಂಬ. ಮಾತ್ರೆಯಲ್ಲಿ ಅಳೆದು ಕೊಡುತ್ತಾರೆ. ಬೇಲಿಯ ಗಿಡದಲ್ಲಿ ಅಳತೆಯಿಲ್ಲ, ಎಲೆ, ಹೂ, ಬೀಜ ಎಲ್ಲವೂ ವಿಷ. 2024ರ ಮೇ ತಿಂಗಳಲ್ಲಿ ಕೇರಳದ ತಿರುವಾಂಕೂರು ಮತ್ತು ಮಲಬಾರ್ ದೇವಸ್ವಂ ಮಂಡಳಿಗಳು ಅರಳಿ ಎನ್ನುವ ಈ ಕಣಗಿಲೆ ಹೂವನ್ನು ನೈವೇದ್ಯ, ಪ್ರಸಾದಗಳಲ್ಲಿ ಬಳಸುವುದನ್ನು ನಿಲ್ಲಿಸಿದವು. ಹುಲ್ಲಿನೊಂದಿಗೆ ಕಣಗಿಲೆ ಸೊಪ್ಪು ಬೆರೆತು ದನಕರುಗಳ ಹೊಟ್ಟೆ ಸೇರದಂತೆ ನೋಡಿಕೊಳ್ಳಿ. ಸವರಿದ ಕೊಂಬೆಗಳು ಒಣಗಿದರೂ ವಿಷ ಹೋಗುವುದಿಲ್ಲ. ಮಕ್ಕಳು ಆಡುವಲ್ಲಿ ಹಳದಿ ಕಣಗಿಲೆಯ ಕಾಯಿ ಬೀಳುವಂತಿದ್ದರೆ ಗಿಡವನ್ನೇ ಕಿತ್ತು ದಾಸವಾಳ ನೆಡಿ. ಯಾರಾದರೂ ತಿಂದದ್ದು ತಿಳಿದರೆ ವಾಂತಿ ಮಾಡಿಸುತ್ತ, ಮಜ್ಜಿಗೆ ಕುಡಿಸುತ್ತ ಸಮಯ ಕಳೆಯಬೇಡಿ. ನೋಡಲು ಚೆನ್ನಾಗಿಯೇ ಇದ್ದರೂ ಕೂಡಲೇ ಇ.ಸಿ.ಜಿ. ಸೌಕರ್ಯವಿರುವ ಆಸ್ಪತ್ರೆಗೆ ಒಯ್ಯಿರಿ, ತಿಂದ ಕಾಯಿ ಅಥವಾ ಎಲೆಯನ್ನೂ ಜೊತೆಗೆ ಕೊಂಡುಹೋಗಿ. ಹೃದಯದ ಬಡಿತ ಗಂಟೆಗಳ ನಂತರ ತಪ್ಪಬಹುದು.